ತೆರೆಯ ಹಿಂದಿನ ಕತ್ತರಿ

ಮಲ್ಲೇಶ್ವರವಿರಲಿ, ಚಾಮರಾಜಪೇಟೆಯಿರಲಿ, ಸಿನಿಮಾ ನೋಡಿ ಮನೆಗೆ ಬಂದವರ ಬಾಯಲ್ಲಿ ನಾಯಕನ ಹೆಸರಿರುತ್ತದೆ, ಹಾಡಿರುತ್ತದೆ. ಸಂಕಲನಕಾರನ ಹೆಸರು ಮಾತ್ರ ಇರುವುದಿಲ್ಲ. ಕನ್ನಡಿಗರಾದ ಸುರೇಶ್ ಅರಸ್ ಅಂಥವರಲ್ಲಿ ಒಬ್ಬರು.

ಮಣಿರತ್ನಂ ಅವರ ಮೊದಲ ಚಿತ್ರ ಕನ್ನಡದ 'ಪಲ್ಲವಿ ಅನುಪಲ್ಲವಿ' (1983). ಮುಂದೆ ಅವರ 'ದಳಪತಿ' (1991), 'ರೋಜಾ' (1992), 'ಬಾಂಬೆ' (1995), 'ಇರುವರ್' (1997), 'ದಿಲ್ ಸೇ' (1998) ಚಿತ್ರಗಳಿಗೆ ಕತ್ತರಿ ಹಿಡಿದವರು ಅರಸ್.

ಲೆಕ್ಕ ಸರಳ. 35 ಮಿ.ಮೀ. ಫಿಲ್ಮಿನಲ್ಲಿ ಅಡಿಗೆ 16 ಚೌಕಟ್ಟು. ಸೆಕೆಂಡಿಗೆ ಓಡುವುದು 24. ಎಂಟು ಚೌಕಟ್ಟು ಕತ್ತರಿಸಿದರೆ ಹೋಗುವುದು ಅರ್ಧ ಅಡಿ ಫಿಲ್ಮು, ಸೆಕೆಂಡಿನ ಮೂರನೆಯ ಒಂದು ಭಾಗ. ಅಷ್ಟರಲ್ಲೇ ಒಂದು ಮುಖದ ಭಯ ನೋಡುವವರಿಗೆ ತಟ್ಟೀತು, ಇಲ್ಲವೇ ತಪ್ಪಿಹೋದೀತು.

'ಬಾಂಬೆ'ಯಲ್ಲಿ ಈ ಲೆಕ್ಕಕ್ಕೆ ಹೊಣೆಯೂ ಸೇರಿತ್ತು. 1992-93ರ ಗಲಭೆಯ ಗಾಯ ಆಗಿನ್ನೂ ಹಸಿ. ಬೆಂಕಿಯನ್ನು ಹೆಚ್ಚು ತೋರಿಸಿದರೆ ಕೆರಳಿಸಿದಂತೆ, ಕಡಿಮೆ ತೋರಿಸಿದರೆ ಮುಚ್ಚಿಟ್ಟಂತೆ. ಆ ಚಿತ್ರದ ಸಂಕಲನಕ್ಕೆ ಅರಸ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು.

ಬಿಸಿಲಲ್ಲಿ ನಿಂತು ತೆಗೆದ ಒಂದೊಂದು ದೃಶ್ಯವೂ ನಿರ್ದೇಶಕನಿಗೆ ಹೆತ್ತ ಮಗು. ಆ ಬಿಸಿಲು ಕಾಣದ ಸಂಕಲನಕಾರ ಮಾತ್ರ 'ಇದು ಬೇಡ' ಎನ್ನಬಲ್ಲ. ಹೇಳುವವನಿಗೆ ಧೈರ್ಯ, ಕೇಳುವವನಿಗೆ ತಾಳ್ಮೆ ಎರಡೂ ಇದ್ದರೆ ಜೋಡಿ ಬಾಳುತ್ತದೆ.

ಮುಂದಿನ ಸಲ ಸಿನಿಮಾ ನೋಡುವಾಗ ಆ ಒಂದು ಹೆಸರನ್ನೂ ಓದಿಕೊಂಡರೆ ಋಣ ಸ್ವಲ್ಪವಾದರೂ ತೀರೀತು.