ಕೂಲಿಕಾರರ ಮಗಳ ಫೋಟೊ

ಎಸ್ಸೆಸ್ಸೆಲ್ಸಿ ಫಲಿತಾಂಶದ ಮರುದಿನ ಪೇಪರಿನಲ್ಲಿ ಒಂದು ಫೋಟೊ ಇದ್ದೇ ಇರುತ್ತೆ. ಕೂಲಿಕಾರರ ಮಗಳು, ಬಾಯಿಗೆ ಸಿಹಿ ಹಾಕ್ತಿರೋ ಅಪ್ಪ-ಅಮ್ಮ. ನನಗೂ ಖುಷಿಯೇ. ಆದರೆ ಡಾಕ್ಟರ ಮಗಳು ಫಸ್ಟ್ ಬಂದರೆ ಅಪ್ಪನ ಕೆಲಸವನ್ನ ಯಾರೂ ಹೆಡ್ಡಿಂಗಿಗೆ ಹಾಕಲ್ಲ ನೋಡಿ. ಅದು ಮಾಮೂಲು, ಸುದ್ದಿಯಲ್ಲ.

ಜಿಲ್ಲೆಗಳ ಲೆಕ್ಕದಲ್ಲೂ ಇದೇ ಕತೆ. 2024ರಲ್ಲಿ ಎಸ್ಸೆಸ್ಸೆಲ್ಸಿ ಪಾಸಾದವರು ಉಡುಪಿಯಲ್ಲಿ ಶೇ 94, ಯಾದಗಿರಿಯಲ್ಲಿ ಶೇ 50.59. ಪ್ರಶ್ನೆಪತ್ರಿಕೆ ಒಂದೇ. ಇಂಥಾ ಹೊತ್ತಲ್ಲಿ ಬೈಸಿಕೊಳ್ಳೋರು ಮೇಷ್ಟ್ರು. ಅವರ ಪಾಲೂ ಇರಬಹುದು, ಇಲ್ಲ ಅನ್ನಲ್ಲ. ಆದರೆ ಯಾದಗಿರಿ ಕಡೆ ಹತ್ತಿ ಬಿಡಿಸೋ ಕಾಲದಲ್ಲಿ ಹಾಜರಿ ಪುಸ್ತಕ ತೆಗೆದು ನೋಡಬೇಕು. ದೊಡ್ಡ ಹುಡುಗಿ ಹೊಲದಲ್ಲಿ, ಇಲ್ಲಾ ತಮ್ಮನನ್ನ ಸೊಂಟದ ಮೇಲೆ ಹೊತ್ತು ಮನೆಯಲ್ಲಿ. ಸುಗ್ಗಿ ಮುಗೀತಿದ್ದಂಗೆ ಅಪ್ಪ-ಅಮ್ಮ ಬೆಂಗಳೂರಿಗೆ ಗುಳೆ. ಅಜ್ಜಿ ಹತ್ರ ಉಳಿದ ಮಗು ಪುಣ್ಯವಂತ, ಮಿಕ್ಕವಕ್ಕೆ ಕಟ್ಟೋ ಬಿಲ್ಡಿಂಗಿನ ಪಕ್ಕದ ತಗಡಿನ ಶೆಡ್ಡು. ಪರೀಕ್ಷೆ ಬರೋದೂ ಸರಿಯಾಗಿ ಆಗಲೇ, ಮಾರ್ಚಿನಲ್ಲಿ.

ಇತ್ತ ಅನುಕೂಲಸ್ಥರ ಮನೆಯಲ್ಲಿ ಹತ್ತನೇ ಕ್ಲಾಸ್ ಅಂದ್ರೆ ಕೇಬಲ್ ಕಟ್, ಅಮ್ಮನಿಗೆ ಆಫೀಸಿಗೆ ರಜೆ, ಗಣಿತಕ್ಕೊಂದು ವಿಜ್ಞಾನಕ್ಕೊಂದು ಟ್ಯೂಷನ್, ರಾತ್ರಿ ಬಾದಾಮಿ ಹಾಲು. ಅಂಕ ಬಂದ ಮೇಲೆ ಮಾತ್ರ ‘ಎಲ್ಲಾ ಅವನದೇ ಶ್ರಮ’. ಮನೆಯ ಸ್ಥಿತಿ ಕಲಿಕೆಯನ್ನ ಎಷ್ಟು ಎಳೆದಾಡುತ್ತೆ ಅಂತ ಅಮೆರಿಕದಲ್ಲಿ ಸಮಾಜಶಾಸ್ತ್ರಜ್ಞ ಜೇಮ್ಸ್ ಕೋಲ್ಮನ್ 1966ರಲ್ಲೇ ದಪ್ಪನೆಯ ವರದಿ ಕೊಟ್ಟಿದ್ದ. ನಾವಿನ್ನೂ ಜಿಲ್ಲೆಗಳಿಗೆ ರ‍್ಯಾಂಕ್ ಕೊಡ್ತಾ ಕೂತಿದ್ದೀವಿ.

ಮೇಷ್ಟ್ರಿಗೆ ನೋಟಿಸ್ ಕೊಡೋ ಮೊದಲು ಸರ್ಕಾರ ಗುಳೆ ಹೋಗೋರ ಮಕ್ಕಳಿಗೆ ಊರಲ್ಲೇ ಹಾಸ್ಟೆಲ್ಲು, ಮೂರು ಹೊತ್ತು ಊಟ ಕೊಟ್ಟು ನೋಡಲಿ. ಶೇಕಡಾವಾರು ಆಮೇಲೆ ಮಾತಾಡೋಣ.