ಗಡಿಯಾಚೆಯ ಮಾತು

ಮನುಷ್ಯನು ನಾಡನ್ನು ಬಿಟ್ಟು ಹೋಗುವುದುಂಟು. ನಾಡೇ ಮನುಷ್ಯನನ್ನು ಬಿಟ್ಟು ಹೋಗುವುದುಂಟೆ? ಉಂಟೆಂಬುದಕ್ಕೆ ಹಂಗೇರಿಯ ಜನರೇ ಸಾಕ್ಷಿ. 1910ರಲ್ಲಿ ಬೆರೆಗ್‌ಸಾಸ್ ಪಟ್ಟಣದಲ್ಲಿ ಹುಟ್ಟಿದ ಹೆಣ್ಣುಮಗಳೊಬ್ಬಳು ಊರಿನ ಎಲ್ಲೆಯನ್ನು ದಾಟದೆಯೇ ಎಂಬತ್ತೆರಡು ವರ್ಷ ಬಾಳಿದ್ದರೆ, ಐದು ರಾಷ್ಟ್ರಗಳನ್ನು ಕಂಡಿರುತ್ತಿದ್ದಳು. ಹುಟ್ಟಿದ್ದು ಆಸ್ಟ್ರಿಯಾ-ಹಂಗೇರಿಯಲ್ಲಿ, ಓದಿದ್ದು ಚೆಕೊಸ್ಲೊವಾಕಿಯದಲ್ಲಿ, 1938ರಲ್ಲಿ ಮರಳಿ ಹಂಗೇರಿ, ಎರಡನೆಯ ಮಹಾಯುದ್ಧದ ತರುವಾಯ ಸೋವಿಯತ್ ಒಕ್ಕೂಟ, 1991ರಲ್ಲಿ ಉಕ್ರೇನ್. ಕಚೇರಿಯ ಮೇಲಿನ ಬಾವುಟ ಬದಲಾಗುತ್ತ ಹೋಯಿತು. ಒಲೆಯ ಮುಂದಿನ ಮಾತು ಬದಲಾಗಲಿಲ್ಲ.

ಈ ವಿಪರ್ಯಾಸಕ್ಕೆ ಮೂಲ 1920ರ ಜೂನ್ 4ರಂದು ಸಹಿಯಾದ ಟ್ರಿಯಾನೊನ್ ಒಪ್ಪಂದ. ಮೊದಲ ಮಹಾಯುದ್ಧದಲ್ಲಿ ಸೋತ ಹಂಗೇರಿಯು ಮೂರರಲ್ಲಿ ಎರಡು ಪಾಲು ನೆಲವನ್ನು ಕಳೆದುಕೊಂಡಿತು. ಮೂವತ್ತು ಲಕ್ಷಕ್ಕೂ ಮಿಕ್ಕ ಹಂಗೇರಿಯನ್ನರು ನೆರೆನಾಡುಗಳ ಪಾಲಾದರು. ನ್ಯಾಯವಾಗಿ ಇನ್ನೊಂದು ಮಾತನ್ನೂ ಹೇಳಬೇಕು. ಆ ನೆಲದಲ್ಲಿ ರುಮೇನಿಯನ್ನರೂ ಸ್ಲೊವಾಕರೂ ಬಹುಸಂಖ್ಯೆಯಲ್ಲಿದ್ದರು. ಅವರ ಮಕ್ಕಳ ಮೇಲೆ ಶಾಲೆಗಳಲ್ಲಿ ಹಂಗೇರಿಯನ್ ನುಡಿಯನ್ನು ಹೇರಿದ್ದುಂಟು. ಭಾಷೆಯ ನೋವು ಒಬ್ಬರ ಸೊತ್ತಲ್ಲ.

ತಾವೇ ನಾಡು ಬಿಟ್ಟು ಹೊರಟವರ ಕಥೆ ಬೇರೆ. 1956ರ ನವೆಂಬರಿನಲ್ಲಿ ಸೋವಿಯತ್ ಟ್ಯಾಂಕುಗಳು ಬುಡಾಪೆಸ್ಟಿನ ಕ್ರಾಂತಿಯನ್ನು ಹೊಸಕಿಹಾಕಿದಾಗ ಸುಮಾರು ಎರಡು ಲಕ್ಷ ಮಂದಿ ದೇಶ ಬಿಟ್ಟರು. ಪಶ್ಚಿಮದ ಗಡಿಯಲ್ಲಿರುವ ಶೊಪ್ರೊನ್ ನಗರದ ಅರಣ್ಯ ವಿದ್ಯಾಲಯದಿಂದ ಸುಮಾರು ಇನ್ನೂರು ವಿದ್ಯಾರ್ಥಿಗಳು ತಮ್ಮ ಅಧ್ಯಾಪಕರೊಡನೆಯೇ ಹೊರಟು, 1957ರಲ್ಲಿ ಕೆನಡದ ವ್ಯಾಂಕೂವರಿನ ವಿಶ್ವವಿದ್ಯಾಲಯವನ್ನು ಸೇರಿದರು. ಪಾಠಗಳು ಹಂಗೇರಿಯನ್ನಿನಲ್ಲಿಯೇ ಮುಂದುವರಿದವು. ಕಾಡು ಮಾತ್ರ ಹೊಸದು.

ಲೇಖಕನಿಗಾದರೋ ಇದು ಅಷ್ಟು ಸುಲಭವಲ್ಲ. ಮರ ಯಾವ ಭಾಷೆಯಲ್ಲಿಯೂ ಮರವೇ, ಕಾದಂಬರಿ ಹಾಗಲ್ಲ. 1948ರಲ್ಲಿ ದೇಶ ತೊರೆದ ಶಾಂದೋರ್ ಮಾರಾಯ್ ನಾಲ್ವತ್ತು ವರ್ಷ ಹೊರನಾಡುಗಳಲ್ಲಿದ್ದೂ ಹಂಗೇರಿಯನ್ನಿನಲ್ಲಿಯೇ ಬರೆದರು. ಸೋವಿಯತ್ ಸೇನೆ ತೊಲಗಿ ಮುಕ್ತ ಚುನಾವಣೆ ನಡೆಯುವ ತನಕ ತಮ್ಮ ಕೃತಿಗಳು ತಾಯ್ನಾಡಿನಲ್ಲಿ ಅಚ್ಚಾಗಕೂಡದೆಂಬುದು ಅವರ ಹಟ. 1989ರ ಫೆಬ್ರವರಿಯಲ್ಲಿ ಅಮೆರಿಕದ ಸ್ಯಾನ್ ಡಿಯೇಗೊದಲ್ಲಿ ಅವರು ತೀರಿಕೊಂಡರು. ಮರುವರ್ಷವೇ ಚುನಾವಣೆ ನಡೆಯಿತು. 1991ರಲ್ಲಿ ಸೇನೆಯೂ ಹೊರಟುಹೋಯಿತು. ಪುಸ್ತಕಗಳು ಮನೆಗೆ ಮರಳಿದವು, ಬರೆದವರಿರಲಿಲ್ಲ.

2010ರಲ್ಲಿ ಹಂಗೇರಿಯು ಒಂದು ಕಾನೂನನ್ನು ಮಾಡಿತು. ಪೂರ್ವಜರು ಆ ನಾಡಿನವರಾಗಿದ್ದು, ನುಡಿಯನ್ನು ಬಲ್ಲವರಾದರೆ, ಅಲ್ಲಿ ವಾಸಿಸದವರೂ ಪೌರತ್ವವನ್ನು ಪಡೆಯಬಹುದು. ಗಡಿ ಸರಿದು ಹೊರಗುಳಿದವರಿಗೆ, ನುಡಿಯನ್ನು ಮನೆಯಲ್ಲಿ ಉಳಿಸಿಕೊಂಡದ್ದರಿಂದ, ಇದು ಕಷ್ಟವೆನಿಸಲಿಲ್ಲ. ಆದರೆ ಕ್ಲೀವ್‌ಲೆಂಡಿನಲ್ಲಿಯೋ ಟೊರಾಂಟೊದಲ್ಲಿಯೋ ಬೆಳೆದ ಮೊಮ್ಮಗನ ಪಾಡೇನು? ಅಜ್ಜಿಯ ಕೈಯ ಗುಯಾಶ್ ಸಾರಿನ ರುಚಿಯನ್ನು ಆತ ಬಲ್ಲ. ಬಡಿಸುವಾಗ ಆಕೆ ತನ್ನಷ್ಟಕ್ಕೆ ಗೊಣಗಿಕೊಳ್ಳುವ ಮಾತಿನ ಅರ್ಥವನ್ನು ಅರಿಯ. ಒಪ್ಪಂದಗಳು ಕಿತ್ತುಕೊಂಡ ನೆಲವನ್ನು ಮರಳಿ ತರುವುದು ಆ ಹುಡುಗನಿಂದಾಗದು. ಅಜ್ಜಿಯಿರುವಾಗಲೇ ಆಕೆಯ ಪಕ್ಕದಲ್ಲಿ ಕುಳಿತು ಆ ಗೊಣಗಾಟದ ಅರ್ಥವನ್ನು ಕೇಳಿ ತಿಳಿಯುವುದು ಮಾತ್ರ ಆತನಿಂದಲೇ ಆಗಬೇಕು.