ಮಂತ್ರದಂಡ ಹಿಡಿದ ಮಾವ

ಅಂತರಿಕ್ಷದಲ್ಲಿ ಈಜುತ್ತಿರುವ ಒಂದು ಮಹಾ ಆಮೆ. ಅದರ ಬೆನ್ನ ಮೇಲೆ ನಾಲ್ಕು ಆನೆ. ಆನೆಗಳ ಮೇಲೆ ದೋಸೆ ಥರ ಚಪ್ಪಟೆಯಾದ ಭೂಮಿ. ನಮ್ಮಜ್ಜಿ ಬದುಕಿದ್ದಿದ್ದರೆ "ಇದ್ರಲ್ಲೇನೋ ಹೊಸದು?" ಅಂತಿದ್ದಳು. ಆದರೆ ಇದು ಟೆರಿ ಪ್ರ್ಯಾಟ್ಚೆಟ್ ಅನ್ನೋ ಇಂಗ್ಲಿಷ್ ಲೇಖಕ ಕಟ್ಟಿದ ಡಿಸ್ಕ್‌ವರ್ಲ್ಡ್. 1983ರಿಂದ 2015ರವರೆಗೆ 41 ಕಾದಂಬರಿ. ನೈಟ್ ಶಿಫ್ಟ್ ಸಪೋರ್ಟ್ ಮಾಡ್ತಿದ್ದಾಗ ಟೀಮಿನ ಗೆಳೆಯನೊಬ್ಬ ಒಂದು ಪುಸ್ತಕ ಕೊಟ್ಟ. ಆವತ್ತಿನಿಂದ ಹುಚ್ಚು ಹಿಡೀತು.

ಆ ಲೋಕದಲ್ಲಿ ಗುರುತ್ವಾಕರ್ಷಣೆಯಷ್ಟೇ ಗಟ್ಟಿಯಾದ ಇನ್ನೊಂದು ಬಲ ಇದೆ: ಕಥೆ. ಮತ್ತೆ ಮತ್ತೆ ನಡೆದ ಕಥೆ ಅಲ್ಲಿ ಜೀವ ತಳೆದು, ತನ್ನನ್ನು ತಾನೇ ನಡೆಸಿಕೊಳ್ಳೋಕೆ ಜನರನ್ನು ಹುಡುಕುತ್ತೆ. ನಮ್ಮೂರ ಗಾಡಿಜಾಡಿನ ಹಾಗೆ. ಗಾಡಿ ಹೊಡೆಯೋನು ನಿದ್ದೆ ಹೋದ್ರೂ ಎತ್ತು ಜಾಡು ಬಿಡಲ್ಲ. ಮೂರನೇ ಮಗ ಹೊರಟರೆ ಗೆದ್ದೇ ಗೆಲ್ಲಬೇಕು. ಹತ್ತು ಲಕ್ಷಕ್ಕೊಂದು ಅವಕಾಶ ಅಂದರೆ ಅದು ನಡೆದೇ ನಡೆಯುತ್ತೆ. 1989ರ 'ಗಾರ್ಡ್ಸ್! ಗಾರ್ಡ್ಸ್!' ಕಾದಂಬರಿಯಲ್ಲಿ ಕಾವಲುಗಾರರು ಡ್ರ್ಯಾಗನ್‌ಗೆ ಬಾಣ ಬಿಡೋ ಮುಂಚೆ ಗುರಿಯನ್ನು ಬೇಕಂತಲೇ ಕಷ್ಟ ಮಾಡ್ಕೋತಾರೆ. ಲೆಕ್ಕ ಸರಿಯಾಗಿ ಹತ್ತು ಲಕ್ಷಕ್ಕೊಂದಕ್ಕೆ ಬರಲಿ ಅಂತ! ಬರಲ್ಲ, ಬಾಣ ತಪ್ಪುತ್ತೆ. ಓದಿ ಒಬ್ಬನೇ ಬಿದ್ದು ಬಿದ್ದು ನಕ್ಕಿದ್ದೆ.

1991ರ 'ವಿಚಸ್ ಅಬ್ರಾಡ್' ಓದುವಾಗ ಮಾತ್ರ ನಗು ಅರ್ಧಕ್ಕೇ ನಿಂತಿತು.

ಅದರಲ್ಲಿ ಜೆನುವಾ ಅಂತ ಒಂದು ಊರು. ಅಲ್ಲಿ ಲಿಲಿತ್ ಅನ್ನೋ ಮಾಟಗಾತಿ ಎಲ್ಲರನ್ನೂ ಕಥೆಯ ಪ್ರಕಾರ ಬದುಕಿಸ್ತಾಳೆ. ಆಟಿಕೆ ಮಾಡೋನು ನಗುನಗುತ್ತಾ ಮಕ್ಕಳಿಗೆ ಕಥೆ ಹೇಳಲೇಬೇಕು, ಹೇಳದಿದ್ದರೆ ಜೈಲು. ಒಬ್ಬ ಹುಡುಗಿ ಸಿಂಡ್ರೆಲಾ ಆಗಬೇಕು, ಚೆಂಡಾಟದಷ್ಟು ಸಲೀಸಾಗಿ ರಾಜಕುಮಾರನನ್ನು ಮದುವೆಯಾಗಬೇಕು. ಅವಳಿಗೆ ಅವನು ಬೇಡ. ಅಸಲಿಗೆ ಅವನೊಂದು ಕಪ್ಪೆ. ಆದರೆ ಕಥೆಗೆ ಮದುವೆ ಬೇಕು. ಅಜ್ಜಿಯನ್ನು ತಿನ್ನೋ ತೋಳದ ಕಥೆಗಾಗಿ ಒಂದು ನಿಜವಾದ ತೋಳಕ್ಕೆ ತಾನು ಮನುಷ್ಯ ಅನ್ನೋ ಭ್ರಮೆ ತುಂಬಿರ್ತಾರೆ. ಅತ್ತ ತೋಳವೂ ಅಲ್ಲ, ಇತ್ತ ಮನುಷ್ಯನೂ ಅಲ್ಲ. ಕೊನೆಗೆ ಅದು ಸಾವನ್ನೇ ಬೇಡುತ್ತೆ.

ಲಿಲಿತ್ ಕೆಟ್ಟವಳಲ್ಲ ಅಂತ ಯಾರು ನಂಬದಿದ್ದರೂ ಅವಳು ನಂಬಿದ್ದಾಳೆ. ಅವಳು ಮಂತ್ರದಂಡ ಹಿಡಿದ ಒಳ್ಳೇ ದೇವತೆ. ಎಲ್ಲರಿಗೂ ಸುಖಾಂತ್ಯ ಕೊಡಿಸೋಳು. ಆ ಪುಟದಲ್ಲಿ ನನಗೆ ನನ್ನ ಅಕ್ಕನ ಮಗ ನೆನಪಾದ.

ನಂದೂ ಒಂದು ಕಥೆ ಇದೆ. ನೀವು ನೂರು ಸಲ ಕೇಳಿರ್ತೀರಿ. ಹಳ್ಳಿ ಹುಡುಗ, ಕನ್ನಡ ಮೀಡಿಯಂ, ಅಪ್ಪನ ಸಾಲ, ಬಿಇ, ಬೆಂಗಳೂರು, ಊರಲ್ಲಿ ಆರ್‌ಸಿಸಿ ಮನೆ. ಹಬ್ಬಕ್ಕೆ ಹೋದಾಗೆಲ್ಲ ಯಾರಾದ್ರೂ ಅದನ್ನ ತಮ್ಮ ಮಕ್ಕಳಿಗೆ ಹೇಳ್ತಾರೆ. ನಾನೂ ಬೇಡ ಅನ್ನಲ್ಲ. ಕೇಳೋಕೆ ಹಿತವಾಗಿರುತ್ತೆ.

ಎಸ್ಸೆಸ್ಸೆಲ್ಸಿ ಮುಗಿಸಿದ ಅಕ್ಕನ ಮಗ "ಮಾವ, ನಾನು ಐಟಿಐ ಎಲೆಕ್ಟ್ರಿಕಲ್ ಮಾಡ್ತೀನಿ" ಅಂದ. ಹೈಸ್ಕೂಲಲ್ಲಿದ್ದಾಗಲೇ ಸುಟ್ಟುಹೋದ ಬೋರ್‌ವೆಲ್ ಮೋಟಾರಿಗೆ ವೈಂಡಿಂಗ್ ಮಾಡೋದು ಕಲ್ತಿದ್ದ. ನಾನು ಕೇಳಲಿಲ್ಲ. "ಸೈನ್ಸ್ ತಗೋ, ಫೀಸು ನಂದು" ಅಂದೆ. ಸಿಟಿಯಲ್ಲಿ ಹಾಸ್ಟೆಲ್ಲು, ಸಿಇಟಿ ಕೋಚಿಂಗು, ಎಲ್ಲಾ ಕೊಡಿಸಿದೆ. ಗಾಡಿ ಜಾಡಿಗೆ ಬಿತ್ತು ಅಂದ್ಕೊಂಡೆ. ಎರಡು ವರ್ಷದಲ್ಲಿ ಅವನು ಫೋನಲ್ಲಿ "ಹ್ಞೂ ಮಾವ" ಬಿಟ್ಟು ಬೇರೆ ಮಾತಾಡೋದನ್ನೇ ಮರೆತ. ಫಿಸಿಕ್ಸಲ್ಲಿ ಫೇಲಾದ ದಿನ ಅಕ್ಕ ಅತ್ಕೊಂಡು ಫೋನ್ ಮಾಡಿದ್ಲು. "ರಾತ್ರಿಯಿಂದ ಊಟ ಮಾಡಿಲ್ಲ ಕಣೋ. ಮಾವನಿಗೆ ಮುಖ ತೋರ್ಸಲ್ಲ ಅಂತಾನೆ."

ಫೇಲಾಗಿದ್ದು ಅವನಲ್ಲ. ನನ್ನ ಕಥೆಗೆ ಇನ್ನೊಬ್ಬ ನಾಯಕ ಬೇಕಿತ್ತು, ಸಿಕ್ಕವನನ್ನ ಎಳೆದು ತಂದಿದ್ದೆ.

ಕಾದಂಬರಿಯ ಕೊನೆಯಲ್ಲಿ ಲಿಲಿತ್ ಮತ್ತು ಅವಳ ತಂಗಿ ಗ್ರ್ಯಾನಿ ವೆದರ್‌ವ್ಯಾಕ್ಸ್ ಕನ್ನಡಿಗಳ ಲೋಕದಲ್ಲಿ ಸಿಕ್ಕಿಹಾಕಿಕೊಳ್ತಾರೆ. ಲೆಕ್ಕವಿಲ್ಲದಷ್ಟು ಪ್ರತಿಬಿಂಬಗಳಲ್ಲಿ ನಿಜವಾದವಳನ್ನು ಗುರುತಿಸಿದರೆ ಬಿಡುಗಡೆ. ಲಿಲಿತ್ ಹುಡುಕುತ್ತಾ ಓಡುತ್ತಲೇ ಇರ್ತಾಳೆ. ಗ್ರ್ಯಾನಿ ತಲೆ ಬಗ್ಗಿಸಿ ತನ್ನನ್ನೇ ತೋರಿಸ್ತಾಳೆ. ನಾನು ಮಾತ್ರ ಅಕ್ಕನ ಮಗನೊಳಗೆ ನನ್ನ ಪ್ರತಿಬಿಂಬ ಹುಡುಕ್ತಾ ಇದ್ದೆ.

ಆವತ್ತು ರಾತ್ರಿ ಅವನಿಗೆ ಫೋನ್ ಮಾಡಿದೆ. 'ಸೋಲೇ ಗೆಲುವಿನ ಮೆಟ್ಟಿಲು' ಅನ್ನೋ ಕಥೆ ಬಾಯಿಗೆ ಬಂದಿತ್ತು. 'ಓದು ಬಿಟ್ಟು ಮಣ್ಣಿಗೆ ಮರಳಿದ ಹುಡುಗ' ಅಂತ ಇನ್ನೊಂದು, ಅದಕ್ಕೆ ಈಗ ಲೈಕು ಜಾಸ್ತಿ. ಎರಡನ್ನೂ ನುಂಗಿಕೊಂಡೆ.

"ನಿಂಗೆ ಏನು ಮಾಡ್ಬೇಕು ಅನ್ಸುತ್ತೋ?" ಅಂತ ಕೇಳಿದೆ.

ತುಂಬಾ ಹೊತ್ತು ಆ ಕಡೆಯಿಂದ ಮಾತಿಲ್ಲ. ಹಿಂದೆ ಎಲ್ಲೋ ಪಂಪ್‌ಸೆಟ್ ಓಡೋ ಸದ್ದು. ಆಮೇಲೆ ಮೆಲ್ಲಗೆ, "ಗೊತ್ತಿಲ್ಲ ಮಾವ. ಯೋಚ್ನೆ ಮಾಡಿ ಹೇಳ್ಲಾ?"

"ಆಯ್ತು" ಅಂದೆ. ಎರಡು ವರ್ಷದಲ್ಲಿ ಅವನು ನನ್ನ ಹತ್ರ ಆಡಿದ ಅತಿ ಉದ್ದದ ಮಾತು ಅದು.